ಕಾಲಿನ ಲೆಕ್ಕ ಬೇರೆ, ಕೂಲಿಯ ಲೆಕ್ಕ ಬೇರೆ

ನಾನು ಮಂಡ್ಯ ಕಡೆಯ ಆಲೆಮನೆ ಕೆಲಸಗಾರ. 2016ರಲ್ಲಿ ಕೆಲಸ ಮುಗಿಸಿ ಬೈಕಿನಲ್ಲಿ ಊರಿಗೆ ಬರುತ್ತಿದ್ದಾಗ ಗೂಡ್ಸ್ ಗಾಡಿಯೊಂದು ಗುದ್ದಿತು. ಎಡ ಮೊಣಕಾಲಿನ ಕೆಳಗಿನ ಎರಡೂ ಮೂಳೆ ಮುರಿದವು. ಒಳಗೆ ರಾಡು ಹಾಕಿದರು. ಆಗ ನನಗೆ 38 ವರ್ಷ.

ಪರಿಹಾರದ ಕೇಸು ಎರಡು ವರ್ಷಕ್ಕೆ ಮುಗಿಯಿತು. ಬಂದ ಹಣ ಸಾಲ ತೀರಿಸುವಷ್ಟರಲ್ಲೇ ಖಾಲಿ. "ದುಡ್ಡು ತಗೊಂಡ ಮೇಲೆ ಅಪೀಲು ಹೋಗಕ್ಕಾಗಲ್ಲ ಕಣಪ್ಪ, ಸುಮ್ನಿರು" ಅಂದರು ಊರವರು. ನಾನೂ ನಂಬಿಬಿಟ್ಟೆ. ಅದು ಶುದ್ಧ ಸುಳ್ಳು. ಕೊಟ್ಟ ಹಣ ತೆಗೆದುಕೊಂಡೂ ಜಾಸ್ತಿ ಕೇಳಬಹುದು.

ಹೈಕೋರ್ಟಿಗೆ ಅಪೀಲು ಹಾಕಲು ತೀರ್ಪಿನಿಂದ 90 ದಿನ ಸಮಯ ಇರುತ್ತದೆ. ತೀರ್ಪಿನ ಸರ್ಟಿಫೈಡ್ ಕಾಪಿಗೆ (ಕೋರ್ಟು ಮೊಹರು ಹಾಕಿ ಕೊಡುವ ನಕಲಿಗೆ) ಅರ್ಜಿ ಹಾಕಿದ ಮೇಲೆ ಅದು ಸಿದ್ಧವಾಗುವವರೆಗಿನ ದಿನಗಳನ್ನು ಇದರಲ್ಲಿ ಹಿಡಿಯುವುದಿಲ್ಲ. ಊರವರ ಮಾತು ಕೇಳಿ ನಾನು ಮೀರಿಸಿದ್ದು 47 ದಿನ. ತಡವಾದದ್ದಕ್ಕೆ ಕಾರಣ ಬರೆದು ಬೇರೆ ಅರ್ಜಿ ಹಾಕಬೇಕಾಯಿತು. ಕೋರ್ಟು ಒಪ್ಪಿತು. ಆದರೆ ಹೆಚ್ಚಾದ ಹಣಕ್ಕೆ ಆ 47 ದಿನದ ಬಡ್ಡಿ ಸಿಗಲಿಲ್ಲ.

ಬೆಂಗಳೂರಿನ ವಕೀಲರು ನನ್ನ ಹಳೇ ಫೈಲನ್ನು ಮೇಜಿನ ಮೇಲೆ ಹರಡಿಕೊಂಡು, ಪೆನ್ಸಿಲ್ ಹಿಡಿದು ಒಂದೊಂದೇ ಹಾಳೆ ತಿರುವಿದರು. "ನೋವು, ಓಡಾಟದ ಖರ್ಚು ಇವುಗಳಲ್ಲಿ ಅಷ್ಟಿಷ್ಟು ಹೆಚ್ಚಾಗಬಹುದು. ನಿಮಗೆ ಹೊಡೆತ ಬಿದ್ದಿರೋದು ಇಲ್ಲಿ" ಅಂತ ಎರಡು ಅಂಕಿಗಳಿಗೆ ಸುತ್ತು ಹಾಕಿದರು. ಕೆಳಗಿನ ಕೋರ್ಟು ಹಿಡಿದಿದ್ದ ತಿಂಗಳ ಆದಾಯ 6,000. ಅಂಗವಿಕಲತೆ 8%.

ಸಂಬಳದ ಚೀಟಿ ಇಲ್ಲದ ಕೂಲಿಯವರಿಗೆ ಕೋರ್ಟು ಒಂದು ಅಂದಾಜು ಆದಾಯ ಹಿಡಿಯುತ್ತದೆ. ಲೋಕ ಅದಾಲತ್‌ಗಳಿಗೆಂದು ವರ್ಷವಾರು ಮಾಡಿದ ಪಟ್ಟಿಯೊಂದಿದೆ, ನಮ್ಮ ಹೈಕೋರ್ಟು ಅದನ್ನೇ ನೋಡುತ್ತದೆ. 2016ರ ಅಪಘಾತಕ್ಕೆ ಅದರಲ್ಲಿರುವುದು 9,500. ಅದು ಸುಲಭದ ವಾದ.

ಎರಡನೆಯದು ಕಷ್ಟದ್ದು. ಡಾಕ್ಟರು ಕಾಲಿಗೆ 36%, ಇಡೀ ದೇಹಕ್ಕೆ 12% ಅಂತ ಸಾಕ್ಷಿ ಹೇಳಿದ್ದರು. ಕೆಳಗಿನ ಕೋರ್ಟು ಅದನ್ನು 8ಕ್ಕೆ ಇಳಿಸಿತ್ತು. ವಕೀಲರು ನನ್ನ ಕೆಲಸದ ಬಗ್ಗೆ ಕೇಳಿದರು. ನಾನು ಹೇಳಿದೆ: ಒಲೆಗೆ ಕಬ್ಬಿನ ಸಿಪ್ಪೆ ತಳ್ಳಲು ಕುಕ್ಕರಗಾಲಲ್ಲಿ ಕೂರಬೇಕು. ಕುದಿಯುವ ಕೊಪ್ಪರಿಗೆ ಪಕ್ಕ ಗಂಟೆಗಟ್ಟಲೆ ನಿಂತು ಕೊಳೆ ತೆಗೆಯಬೇಕು. ಪಾಕ ಹದಕ್ಕೆ ಬಂದಾಗ ನಾಲ್ಕು ಜನ ಸೇರಿ ಕೊಪ್ಪರಿಗೆ ಎತ್ತಿ ಸುರಿಯುತ್ತೇವೆ. ಅಲ್ಲಿ ಒಬ್ಬನ ಕಾಲು ತಡವರಿಸಿದರೆ ನಾಲ್ವರ ಮೈಮೇಲೂ ಬಿಸಿ ಪಾಕ. ಅದಕ್ಕೇ ನನ್ನನ್ನು ಆ ಕೆಲಸಕ್ಕೆ ಕರೆಯುವುದನ್ನೇ ಬಿಟ್ಟರು.

"ಇದೆಲ್ಲ ಫೈಲಿನಲ್ಲಿ ಎಲ್ಲಿದೆ?" ಅಂದರು. ಎಲ್ಲೂ ಇರಲಿಲ್ಲ. 'ಆಲೆಮನೆ ಕೂಲಿ' ಅಂತ ಒಂದೇ ಸಾಲು. ಇದನ್ನು ಒತ್ತಿ ಹೇಳುತ್ತೇನೆ. ಅಪೀಲು ಅಂದರೆ ಹೊಸ ಕೇಸಲ್ಲ. ಕೆಳಗಿನ ಕೋರ್ಟಿನ ಕಡತವನ್ನೇ ತರಿಸಿಕೊಂಡು ಓದುತ್ತಾರೆ. ಹೊಸ ಸಾಕ್ಷಿ ಕೊಡುವುದು ಬಹಳ ಕಷ್ಟ. ನಿಮ್ಮ ಕೇಸು ಇನ್ನೂ ಕೆಳಗೇ ನಡೆಯುತ್ತಿದ್ದರೆ, ದಯವಿಟ್ಟು ಕೋರ್ಟಿಗೆ ಕೊಡುವ ಪ್ರಮಾಣಪತ್ರದಲ್ಲಿ (ಅಫಿಡವಿಟ್) ಕೆಲಸವನ್ನು ಬಿಡಿಸಿ ಬಿಡಿಸಿ ಬರೆಸಿ.

ನನ್ನ ಪುಣ್ಯ, ಡಾಕ್ಟರು 'ಕುಕ್ಕರಗಾಲಲ್ಲಿ ಕೂರಲಾಗದು, ಬಹಳ ಹೊತ್ತು ನಿಲ್ಲಲಾಗದು, ಭಾರ ಹೊರಲಾಗದು' ಅಂತ ಹೇಳಿದ್ದು ದಾಖಲಾಗಿತ್ತು. ಆ ಮಾತನ್ನೂ ಆ ಒಂದು ಸಾಲನ್ನೂ ಜೋಡಿಸಿ ವಕೀಲರು ವಾದ ಕಟ್ಟಿದರು. ಗಾಯದಿಂದ ದುಡಿಯುವ ಶಕ್ತಿ ಎಷ್ಟು ಹೋಯಿತು ಅಂತ ಆ ಮನುಷ್ಯನ ಕೆಲಸ ನೋಡಿಯೇ ಹೇಳಬೇಕು ಎಂದು ಸುಪ್ರೀಂ ಕೋರ್ಟು 2010ರಲ್ಲಿ ರಾಜ್ ಕುಮಾರ್ ಎಂಬುವರ ಅಪಘಾತದ ಕೇಸಿನಲ್ಲಿ ಹೇಳಿದೆಯಂತೆ. ಅದನ್ನೂ ಮುಂದಿಟ್ಟರು.

ತೀರ್ಪು ಬರಲು ಎರಡು ವರ್ಷದ ಮೇಲೆ ಹಿಡಿಯಿತು. 36ರಿಂದ 40 ವಯಸ್ಸಿನವರಿಗೆ ವರ್ಷದ ಆದಾಯವನ್ನು 15ರಿಂದ ಗುಣಿಸುತ್ತಾರೆ. ಮೊದಲು 6,000 × 12 × 15, ಅದರ 8% ಅಂದರೆ 86,400 ಕೊಟ್ಟಿದ್ದರು. ಹೈಕೋರ್ಟು 9,500 × 12 × 15 ಮಾಡಿ, ಪೂರಾ 12% ಹಿಡಿಯಿತು. 2,05,200 ಆಯಿತು. ಕೆಲಸವಿಲ್ಲದೆ ಮಲಗಿದ್ದಕ್ಕೆ ಎರಡು ತಿಂಗಳ ಬದಲು ನಾಲ್ಕು ತಿಂಗಳ ಕೂಲಿ ಕೊಟ್ಟರು. ರಾಡು ತೆಗೆಸುವ ಖರ್ಚೂ ಸೇರಿತು.

ಹಣ ಬಂದ ಮೇಲೆ ಮೊದಲು ರಾಡು ತೆಗೆಸಿದೆ. ಈಗ ಅದೇ ಆಲೆಮನೆಯಲ್ಲಿ ಕೂತು ಅಚ್ಚಿಗೆ ಬೆಲ್ಲ ತುಂಬುತ್ತೇನೆ. ಕೂಲಿ ಕಮ್ಮಿ. ಕೊಪ್ಪರಿಗೆ ಎತ್ತುವಾಗ ನನ್ನ ಮೂಲೆ ಈಗ ನನ್ನ ತಮ್ಮನದು.