ಮರೆವಿನ ಕಾಯಿಲೆಯವರನ್ನು ನೋಡಿಕೊಳ್ಳುವವರಿಗೆ ಬಿಡುವು ಕೊಡುವುದು ಹೇಗೆ?

"ಏನಾದರೂ ಬೇಕಿದ್ದರೆ ಹೇಳಿ" ಎಂದು ಫೋನಿನಲ್ಲಿ ಹೇಳಿದರೆ ಆರೈಕೆ ಮಾಡುವ ಹೆಂಡತಿಗೋ ಸೊಸೆಗೋ ಮಗನಿಗೋ ಏನೂ ಸಿಗುವುದಿಲ್ಲ. ಅವರಿಗೆ ಬೇಕಿರುವುದು ನಿಗದಿಯಾದ ಬಿಡುವು. ವಾರಕ್ಕೊಮ್ಮೆ, ಅದೇ ದಿನ, 3 ಗಂಟೆ ಕಾಲ ನೋಡಿಕೊಳ್ಳುವ ಸರದಿ ನಿಮ್ಮದೆಂದು ಗೊತ್ತುಮಾಡಿ. ಬೆಳಗ್ಗೆಯೇ ಒಳ್ಳೆಯದು, ಡಿಮೆನ್ಷಿಯಾ (ಮರೆವಿನ ಕಾಯಿಲೆ) ಇರುವ ಅನೇಕರಿಗೆ ಸಂಜೆಯಾದಂತೆ ಗಲಿಬಿಲಿ ಹೆಚ್ಚುತ್ತದೆ.

ಮೊದಲ ಎರಡು ಸಲ ಆರೈಕೆದಾರರು ಪಕ್ಕದ ಕೋಣೆಯಲ್ಲೇ ಇರಲಿ. ಹೊಸ ಮುಖ ಬಂದೊಡನೆ ಅವರು ಹೊರಟುಬಿಟ್ಟರೆ ಅಜ್ಜ ಗಾಬರಿಯಾಗಿ ಬಾಗಿಲ ಕಡೆ ನಡೆಯಬಹುದು. ಆಮೇಲೆ ಬಿಟ್ಟುಹೋಗಲು ಅವರಿಗೂ ಧೈರ್ಯ ಬರುವುದಿಲ್ಲ. ಒಂದು ಹಾಳೆಯಲ್ಲಿ ಬರೆಸಿಕೊಳ್ಳಿ: ಮಾತ್ರೆಯ ಹೊತ್ತು, ಶೌಚಕ್ಕೆ ಕರೆದೊಯ್ಯುವ ಹೊತ್ತು (ಸುಮಾರು 2 ಗಂಟೆಗೊಮ್ಮೆ), ನುಂಗಲು ಕಷ್ಟವಾಗುವ ತಿನಿಸು, ಸಿಟ್ಟು ತರಿಸುವ ಮಾತು, ಸಮಾಧಾನ ಮಾಡುವ ಹಾಡು.

"ನಾನ್ಯಾರು ಹೇಳಿ ನೋಡೋಣ" ಎಂದು ಮಾತ್ರ ದಯವಿಟ್ಟು ಕೇಳಬೇಡಿ, ಅದು ಪರೀಕ್ಷೆ. ಎದುರಿಗೆ ಕುಳಿತು "ನಾನು ಸುಮಾ, ನಿಮ್ಮ ತಂಗಿ ಮಗಳು" ಎನ್ನಿ. "ಮನೆಗೆ ಹೋಗಬೇಕು" ಎಂದರೆ "ಇದೇ ಮನೆ" ಎಂದು ತಿದ್ದದೆ, ಆ ಮನೆಯ ಬಗ್ಗೆ ಕೇಳಿ, ಒಂದು ಮೊರ ಅವರೆಕಾಯಿ ಸುಲಿಯಲು ಕೊಡಿ. ಕೈಗೆ ಕೆಲಸ ಸಿಕ್ಕರೆ ಚಡಪಡಿಕೆ ಎಷ್ಟೋ ಇಳಿಯುತ್ತದೆ. ಸ್ನಾನ ಬೇಡವೆಂದರೆ 20 ನಿಮಿಷ ಬಿಟ್ಟು ಮತ್ತೆ ಕರೆಯಿರಿ.

ಒಂದೆರಡು ದಿನದಲ್ಲಿ ಗೊಂದಲ ಏಕಾಏಕಿ ಹೆಚ್ಚಿದರೆ ಕಾಯಿಲೆಯೇ ಹೀಗೆ ಎಂದು ಸುಮ್ಮನಿರಬೇಡಿ. ಮೂತ್ರದ ಸೋಂಕು, ಮಲಬದ್ಧತೆ, ನೀರಿನ ಕೊರತೆ, ಹೊಸ ಔಷಧಿ ಕಾರಣವಿರಬಹುದು. ಅದೇ ದಿನ ವೈದ್ಯರಿಗೆ ತೋರಿಸಿ.

ದೂರದಲ್ಲಿರುವ ಮಕ್ಕಳು ಔಷಧಿ ತರಿಸುವುದು, ಬ್ಯಾಂಕಿನ ಕೆಲಸ, ಸಹಾಯಕರ ಸಂಬಳ ವಹಿಸಿಕೊಳ್ಳಲಿ. ಆರೈಕೆದಾರರಿಗೇ ನಿದ್ದೆಗೆಟ್ಟು ಮನಸ್ಸು ಕುಸಿದಿದ್ದರೆ ಸರ್ಕಾರದ ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿ ಮಾನಸ್ 14416ಕ್ಕೆ ಕರೆ ಮಾಡಿಕೊಡಿ, ಕನ್ನಡದಲ್ಲೇ ಮಾತಾಡಬಹುದು. ಹಿರಿಯರ ಸಹಾಯವಾಣಿ 14567.