ಬೀಜೋಕ್ತಿ ಕಳೆಯುವುದು ಹೇಗೆ? ಆವರಣದ ಮುಂದಿನ ಮೈನಸ್ ಮೇಲೆ ಕಣ್ಣಿಡಿ

ಬೀಜೋಕ್ತಿಗಳನ್ನು, ಅಂದರೆ ಅಕ್ಷರ, ಅಂಕಿಗಳ ಪದಗಳನ್ನು ಪ್ಲಸ್, ಮೈನಸ್‌ಗಳಿಂದ ಜೋಡಿಸಿದ ಉಕ್ತಿಗಳನ್ನು, ಸಲೀಸಾಗಿ ಕೂಡುವ ಮಕ್ಕಳೂ ಕಳೆಯುವಾಗ ಎಡವುತ್ತಾರೆ. ಬುದ್ಧಿ ಕಡಿಮೆ ಅಂತ ಅಲ್ಲ, ಚಿಹ್ನೆ ಕೈಕೊಡುತ್ತದೆ ಅಷ್ಟೆ. ಒಂದು ಲೆಕ್ಕ ಹಿಡಿದು ನಿಧಾನವಾಗಿ ನೋಡೋಣ.

2ಅ − 5ಬ + 6 ಅನ್ನು 7ಅ + 4ಬ − 3 ರಿಂದ ಕಳೆಯಿರಿ.

ಪೆನ್ನು ಎತ್ತುವ ಮೊದಲು ಪ್ರತ್ಯಯ ನೋಡಿ. ‘ಇಂದ’ ಯಾವುದಕ್ಕೆ ಅಂಟಿದೆಯೋ ಅದನ್ನು ಮೊದಲು ಬರೆಯಬೇಕು. ಪ್ರಶ್ನೆಯಲ್ಲಿ ಅದು ಎರಡನೆಯದಾಗಿ ಬಂದಿದ್ದರೂ ಸರಿ. ಇಲ್ಲಿ ತಿರುಗಿಸಿ ಬರೆದರೆ ಉತ್ತರದ ಎಲ್ಲ ಚಿಹ್ನೆಗಳೂ ಉಲ್ಟಾ ಆಗುತ್ತವೆ. ಎರಡನ್ನೂ ಆವರಣದಲ್ಲಿ ಇಡಿ:

(7ಅ + 4ಬ − 3) − (2ಅ − 5ಬ + 6)

ಮುಖ್ಯವಾದ ಹೆಜ್ಜೆ ಈಗ. ನಡುವಿನ ಮೈನಸ್ ಬರೀ 2ಅ ಗೆ ಸೇರಿದ್ದಲ್ಲ, ಎರಡನೇ ಆವರಣದ ಒಳಗಿರುವ ಮೂರೂ ಪದಗಳಿಗೆ ಸೇರಿದ್ದು. ಆವರಣ ತೆಗೆದಾಗ ಒಳಗಿನ ಪ್ಲಸ್ ಮೈನಸ್ ಆಗುತ್ತದೆ, ಮೈನಸ್ ಪ್ಲಸ್ ಆಗುತ್ತದೆ:

7ಅ + 4ಬ − 3 − 2ಅ + 5ಬ − 6

−5ಬ ಹೇಗೆ +5ಬ ಆಯ್ತು? ಸುಮ್ನೆ ನಿಯಮ ಅಂತ ಬಾಯಿಪಾಠ ಮಾಡಬೇಡಿ. ಋಣ ಅಂದರೆ ಸಾಲ ಅಲ್ವಾ? ಸಾಲವನ್ನು ಕಳೆದರೆ, ಅಂದರೆ ತೆಗೆದುಹಾಕಿದರೆ, ಕೈಯಲ್ಲಿರುವುದು ಅಷ್ಟು ಜಾಸ್ತಿ ಆದಂತೆ. ಕ್ರಿ.ಶ. 628ರಲ್ಲೇ ಗಣಿತಜ್ಞ ಬ್ರಹ್ಮಗುಪ್ತರು ಸೊನ್ನೆಯಿಂದ ಋಣವನ್ನು (ಮೈನಸ್ ಸಂಖ್ಯೆಯನ್ನು) ಕಳೆದರೆ ಧನ (ಪ್ಲಸ್ ಸಂಖ್ಯೆ) ಬರುತ್ತದೆ ಎಂದು ಬರೆದಿಟ್ಟಿದ್ದರು. ಧನ, ಋಣ ಎಂಬ ಅದೇ ಮಾತುಗಳನ್ನು ನಾವು ಇವತ್ತಿಗೂ ಬಳಸುತ್ತಿದ್ದೇವೆ.

ಇನ್ನು ಸಜಾತಿ ಪದಗಳನ್ನು, ಅಂದರೆ ಅಕ್ಷರಭಾಗ ಒಂದೇ ಆಗಿರುವ ಪದಗಳನ್ನು, ಅಕ್ಕಪಕ್ಕ ತನ್ನಿ. ಪದವನ್ನು ಎತ್ತಿಡುವಾಗ ಅದರ ಎಡಗಡೆಯ ಚಿಹ್ನೆಯೂ ಜೊತೆಗೇ ಬರಬೇಕು:

7ಅ − 2ಅ + 4ಬ + 5ಬ − 3 − 6
= 5ಅ + 9ಬ − 9

ಇಲ್ಲಿಗೆ ನಿಲ್ಲಿಸಿ. 5ಅ ಮತ್ತು 9ಬ ಸೇರಿಸಿ 14ಅಬ ಎಂದು ಬರೆಯುವ ಆಸೆ ಬೇಡ, ಅವು ವಿಜಾತಿ ಪದಗಳು. ಅ ಮತ್ತು ಅ² ಕೂಡ ವಿಜಾತಿಯೇ. ಆದರೆ ಅಬ, ಬಅ ಎರಡೂ ಒಂದೇ. ಇನ್ನು ಅಕ್ಷರದ ಎಡಗಡೆ ಅಂಕಿಯೇ ಇಲ್ಲದಿದ್ದರೆ ಅಲ್ಲಿ 1 ಇದೆ ಎಂದು ಲೆಕ್ಕ.

ಉತ್ತರ ಸರಿಯೇ ಎಂದು ಯಾರನ್ನೂ ಕೇಳಬೇಕಿಲ್ಲ. ಅ = 2, ಬ = 1 ಎಂದುಕೊಳ್ಳಿ. ಮೊದಲ ಬೀಜೋಕ್ತಿ 14 + 4 − 3 = 15. ಎರಡನೆಯದು 4 − 5 + 6 = 5. ವ್ಯತ್ಯಾಸ 10. ನಮ್ಮ ಉತ್ತರದಲ್ಲೂ 10 + 9 − 9 = 10. ಎರಡನೇ ಆವರಣದ ಮೊದಲ ಪದದ ಚಿಹ್ನೆ ಮಾತ್ರ ಬದಲಿಸಿದ್ದರೆ 5ಅ − ಬ + 3 ಬರುತ್ತಿತ್ತು. ಅದರ ಬೆಲೆ 12. ತಪ್ಪು ಅಲ್ಲೇ ಸಿಕ್ಕಿಬೀಳುತ್ತದೆ.

ಈಗ ನೀವೇ ಮಾಡಿ: 3ಅ − ಬ ಯಿಂದ ಅ − 4ಬ ಕಳೆಯಿರಿ. 2ಅ + 3ಬ ಬಂತಾ?