ಕಾಳುಮೆಣಸಿನ ಮಚ್ಚೆ: ಫೋನಿನಲ್ಲೇ ಒಂದು ನಿಮಿಷದ ಅನಿಮೇಷನ್ ಸಿನಿಮಾ

'ಡಿಜಿಟಲ್ ಲೋಕದಲ್ಲಿ ನನ್ನನ್ನು ನಾನು ಒಪ್ಪಿಕೊಳ್ಳುವುದು' ಎಂದು ಮಕ್ಕಳಿಗೆ ವಿಷಯ ಕೊಟ್ಟರೆ ಭಾಷಣ ಬರುತ್ತದೆ, ಸಿನಿಮಾ ಬರುವುದಿಲ್ಲ. ವಿಷಯದ ಬದಲು ಒಂದು ವಸ್ತು ಕೊಡಿ. ಸಕಲೇಶಪುರ, ಮೂಡಿಗೆರೆ ಕಡೆಯ ಮನೆಗಳಲ್ಲಿ ಕಾಳುಮೆಣಸು ಡಬ್ಬಿಗಟ್ಟಲೆ ಇರುತ್ತದೆ. ನಮ್ಮ ನಾಯಕ ಅದೇ: ಕೆನ್ನೆಯ ಮೇಲಿನ ಮಚ್ಚೆ. ಕಾಳನ್ನು ಚೂರುಚೂರೇ ಸರಿಸಿ, ಪ್ರತಿ ಸಲವೂ ಒಂದು ಫೋಟೋ ತೆಗೆದು, ಅವನ್ನೆಲ್ಲ ಸಾಲಾಗಿ ಓಡಿಸಿದರೆ ಅದು ನಡೆದಂತೆ ಕಾಣುತ್ತದೆ.

ಕತೆ ಇಷ್ಟು. ಹುಡುಗಿ ಡಿಪಿಗೆಂದು ಸೆಲ್ಫಿ ತೆಗೆದು ಫಿಲ್ಟರ್ ಒತ್ತುತ್ತಾಳೆ. ಮುಖ ಬೆಳ್ಳಗಾಗುತ್ತದೆ, ಮಚ್ಚೆ ಉದುರುತ್ತದೆ. ಉದುರಿದ್ದು ಫೋನಿನೊಳಗೆ ಅಲೆದು ಕಸದ ಬುಟ್ಟಿಗೆ ಬೀಳುತ್ತದೆ. ಹಲವು ಫೋನುಗಳಲ್ಲಿ ಅಳಿಸಿದ ಫೋಟೋ 30 ದಿನ ಅಲ್ಲೇ ಉಳಿಯುವುದರಿಂದ ಕತೆಗೊಂದು ಗಡುವು ಪುಕ್ಕಟೆ ಸಿಕ್ಕಿತು. ಇತ್ತ ಅಜ್ಜಿ ಡಿಪಿ ನೋಡಿ, ಇಷ್ಟು ಬೆಳ್ಳಗಿದ್ದರೆ ಕಣ್ಣು ಬೀಳುತ್ತದೆ ಎಂದು ಪರದೆಯ ಮೇಲೇ ದೃಷ್ಟಿಬೊಟ್ಟು ಇಡುತ್ತಾಳೆ. ಬೆರಳು ತೆಗೆದಾಗ ಅಲ್ಲಿ ಮಚ್ಚೆ ಕೂತಿರುತ್ತದೆ. ಫಿಲ್ಟರ್ ಒರೆಸಿದ್ದನ್ನೇ ಅಜ್ಜಿ ಬೇಕೆಂದು ಇಟ್ಟಿದ್ದಾಳೆ. ಅದಾದ ಮೇಲೆ 'ನಾನು ಇರುವ ಹಾಗೇ ಚೆಂದ' ಎಂದು ಯಾರ ಬಾಯಲ್ಲೂ ಹೇಳಿಸಬೇಡಿ, ಹೇಳಿಸಿದರೆ ಸಿನಿಮಾ ಕೆಡುತ್ತದೆ. ಮುಖಕ್ಕೆ ತರಗತಿಯ ಯಾವ ಮಗುವಿನ ಹೋಲಿಕೆಯೂ ಬರಬಾರದು. ಮಾರನೇ ದಿನದಿಂದ ಆ ಮಗುವಿಗೆ ಅದೇ ಅಡ್ಡಹೆಸರು.

ಬೇಲೂರಿನ ದರ್ಪಣಸುಂದರಿಯ ಕೈಗೆ ಮೊಬೈಲ್ ಕೊಡೋಣ ಎಂದು ಯಾರಾದರೊಬ್ಬರು ಹೇಳೇ ಹೇಳುತ್ತಾರೆ. ಬೇಡ, 60 ಸೆಕೆಂಡಿನಲ್ಲಿ ಅದಕ್ಕೆ ಜಾಗವಿಲ್ಲ. ಆದರೆ ಸೆಲ್ಫಿ ಭಂಗಿಗೆ ಕತ್ತು ಎಷ್ಟು ಓರೆಯಾಗಬೇಕು ಎಂಬುದನ್ನು ಅವಳಿಂದ ಕಲಿಯಬಹುದು.

ಹುಡುಗಿಗೆ ಎರಡು ಮುಖ ಬೇಕು. ನಿಜವಾದ ಮುಖವನ್ನು ಅಡಿಕೆ ಹಾಳೆಯಲ್ಲಿ ಕತ್ತರಿಸಿ, ಫಿಲ್ಟರ್ ಮುಖವನ್ನು ಬಿಳಿ ಡ್ರಾಯಿಂಗ್ ಶೀಟಿನಲ್ಲಿ. ಎರಡೂ 10 ಸೆಂ.ಮೀ. ಎತ್ತರ, ಒಂದೇ ಅಚ್ಚು. ಹಾಳೆಯ ನಾರು, ಕಲೆಗಳೆಲ್ಲ ಕಾಣಲಿ, ಅದರ ಚೆಲುವೇ ಅದು. ಒಣಗಿದ ಹಾಳೆ ಸುರುಟಿಕೊಂಡಿರುವುದರಿಂದ ಅರ್ಧ ಗಂಟೆ ನೀರಲ್ಲಿ ನೆನೆಸಿ, ಒರೆಸಿ, ಒಂದು ರಾತ್ರಿ ಕಲ್ಲಿನ ಕೆಳಗಿಡಿ. ಮಳೆಗಾಲದಲ್ಲಿ ಒಣಗದೆ ಬೂಷ್ಟು ಹಿಡಿಯುತ್ತದೆ. ಆಗ ಹಾಳೆ ತಟ್ಟೆಯ ಸಪಾಟು ತಳವನ್ನೇ ಕತ್ತರಿಸುವುದು ಸುಲಭ. ಮೆಣಸು ಉರುಳುತ್ತದೆ, ಅಡಿಗೆ ಸಾಸಿವೆಯಷ್ಟು ಮೃದುವಾದ ಮೇಣ ಹಚ್ಚಿ. ಹಲಸಿನ ಮೇಣದ ಸಹವಾಸ ಬೇಡ, ಕಾಳು, ಬೆರಳು, ಹಿನ್ನೆಲೆ ಎಲ್ಲ ಒಂದಾಗುತ್ತದೆ. ಹುರಿದ ಕಾಫಿ ಬೀಜ ಉರುಳುವುದಿಲ್ಲ ನಿಜ, ಆದರೆ ಅದರ ಎಣ್ಣೆ ಕಾಗದಕ್ಕೆ ಇಳಿದು ಹೋದಲ್ಲೆಲ್ಲ ಕಲೆ.

ಎರಡು ಸ್ಟೂಲುಗಳ ಮೇಲೆ ಅಡ್ಡ ಹಲಗೆ, ಹಲಗೆಯ ಅಂಚಿನಿಂದ ಕ್ಯಾಮೆರಾ ಕಣ್ಣು ಮಾತ್ರ ಹೊರಗೆ ಚಾಚುವಂತೆ ಫೋನ್, ಅದನ್ನು ಹಿಡಿದಿಡಲು ಎರಡು ರಬ್ಬರ್ ಬ್ಯಾಂಡ್. ಚೌಕಟ್ಟಿನಲ್ಲಿ 24 ಸೆಂ.ಮೀ. ಅಗಲ, 13.5 ಸೆಂ.ಮೀ. ಎತ್ತರದ ಜಾಗ ತುಂಬುವವರೆಗೆ ಹಲಗೆಯನ್ನು ಮೇಲೆ ಕೆಳಗೆ ಮಾಡಿ. ಸ್ಟಾಪ್ ಮೋಷನ್ ಸ್ಟುಡಿಯೋದಂಥ ಆಪ್‌ ಹಾಕಿಕೊಂಡು 'ಆನಿಯನ್ ಸ್ಕಿನ್' ಚಾಲೂ ಮಾಡಿದರೆ ಹಿಂದಿನ ಚಿತ್ರ ನೆರಳಿನಂತೆ ಕಾಣುತ್ತದೆ. ಪರದೆ ಮುಟ್ಟಿದರೆ ಫೋನ್ ಕೂದಲೆಳೆಯಷ್ಟು ಸರಿಯುತ್ತದೆ, ಸಿನಿಮಾದಲ್ಲಿ ಅದು ಭೂಕಂಪ. ಇಯರ್‌ಫೋನಿನ ವಾಲ್ಯೂಮ್ ಗುಂಡಿ ಅಥವಾ ಬ್ಲೂಟೂತ್ ರಿಮೋಟ್ ಬಳಸಿ. ಏರೋಪ್ಲೇನ್ ಮೋಡ್ ಮರೆಯಬೇಡಿ (ರಿಮೋಟಿಗೆ ಬೇಕಾದ ಬ್ಲೂಟೂತ್ ಆಫ್ ಆಗಿದ್ದರೆ ಅದನ್ನು ಮಾತ್ರ ಮತ್ತೆ ಚಾಲೂ ಮಾಡಿ), ಒಂದು ಕರೆಯ ವೈಬ್ರೇಷನ್ ಸಾಕು ಎಲ್ಲ ಕದಲಲು.

ಹೆಚ್ಚು ಸಿನಿಮಾಗಳು ಹಾಳಾಗುವುದು ಬೆಳಕಿನಲ್ಲಿ. ಮಲೆನಾಡಿನ ಮೋಡ ಐದು ನಿಮಿಷಕ್ಕೊಮ್ಮೆ ಬದಲಾಗುತ್ತದೆ, ಹಾಗಾಗಿ ಕಿಟಕಿ ಮುಚ್ಚಿ. 9 ವ್ಯಾಟಿನ ಎರಡು ಎಲ್‌ಇಡಿ ಬಲ್ಬುಗಳನ್ನು ಎಡಬಲದಿಂದ ಓರೆಯಾಗಿ ಇಟ್ಟು, ಮುಂದೆ ಬೆಣ್ಣೆ ಕಾಗದ ಇಳಿಬಿಡಿ. ಪರದೆಯನ್ನು ಒತ್ತಿ ಹಿಡಿದು ಫೋಕಸ್ ಮತ್ತು ಎಕ್ಸ್‌ಪೋಷರ್ ಲಾಕ್ ಮಾಡಿ. ಲಾಕ್ ಮಾಡದಿದ್ದರೆ ಕೈ ಒಳಗೆ ಬಂದು ಹೋದಾಗಲೆಲ್ಲ ಫೋನ್ ಬೆಳಕನ್ನು ಹೊಸದಾಗಿ ಲೆಕ್ಕಹಾಕಿ ಚಿತ್ರ ಮಿಣುಕುತ್ತದೆ. ನಮ್ಮ ಕರೆಂಟು 50 ಹರ್ಟ್ಸ್, ಅಗ್ಗದ ಬಲ್ಬು ಸೆಕೆಂಡಿಗೆ 100 ಸಲ ಮಿಡಿಯುತ್ತದೆ. ಚಿತ್ರದಲ್ಲಿ ಪಟ್ಟೆ ಬಂದರೆ ಶಟರ್ ವೇಗವನ್ನು 1/50 ಅಥವಾ 1/100 ಸೆಕೆಂಡಿಗೆ ತನ್ನಿ. ಕರೆಂಟು ಹೋಗಿ ಇನ್ವರ್ಟರ್ ಬಂದರೆ ಬೆಳಕು ಬದಲಾಗಬಹುದು, ಆ ಶಾಟ್ ಅಲ್ಲಿಗೇ ನಿಲ್ಲಿಸುವುದು ಮೇಲು. ಇಷ್ಟೆಲ್ಲ ಸರಿಯಿದ್ದೂ ಮಿಣುಕುತ್ತಿದ್ದರೆ ಹುಡುಗರ ಅಂಗಿ ನೋಡಿ. ಬಿಳಿ ಯೂನಿಫಾರ್ಮ್ ತೊಟ್ಟವರು ಬಗ್ಗಿದಾಗೆಲ್ಲ ಅಂಗಿಯಿಂದ ಬೆಳಕು ಪುಟಿದು ಮೆಣಸಿನ ಮೇಲೆ ಬೀಳುತ್ತದೆ. ಕಪ್ಪು ಸ್ವೆಟರ್ ಹಾಕಿಸಿ, ಒಂದೇ ಜಾಗದಲ್ಲಿ ನಿಲ್ಲಿಸಿ.

ಸೆಕೆಂಡಿಗೆ 12 ಚಿತ್ರ, ಒಂದು ನಿಮಿಷಕ್ಕೆ 720. ನಿಮಿಷಕ್ಕೆ ನಾಲ್ಕರಂತೆ ತೆಗೆದರೆ ಮೂರು ಗಂಟೆ ಎಂಬುದು ಕಾಗದದ ಲೆಕ್ಕ, ನಡುವೆ ಕೆಟ್ಟದ್ದನ್ನು ಅಳಿಸಿ ಮತ್ತೆ ತೆಗೆಯುವುದೂ ಸೇರಿದರೆ ಎರಡು ಶನಿವಾರ ಬೇಕು. ಮೆಣಸನ್ನು ಪ್ರತಿ ಚಿತ್ರಕ್ಕೂ 5 ಮಿ.ಮೀ. ಸರಿಸಿದರೆ 24 ಸೆಂ.ಮೀ. ದಾಟಲು 48 ಚಿತ್ರ, ಅಂದರೆ 4 ಸೆಕೆಂಡಿನ ಓಟ. 2 ಮಿ.ಮೀ. ಸರಿಸಿದರೆ 10 ಸೆಕೆಂಡಿನ ಬೇಸರದ ನಡಿಗೆ. ಹೊರಡುವಾಗ ನಿಲ್ಲುವಾಗ ಅಳತೆ ಬದಲಾಗಬೇಕು: 1, 2, 4, 5, 5, 4, 2, 1. ಹೀಗಿಲ್ಲದಿದ್ದರೆ ಕಾಳು ನಡೆದಂತೆ ಕಾಣುವುದಿಲ್ಲ, ಯಾರೋ ತಳ್ಳಿದಂತೆ ಕಾಣುತ್ತದೆ. ಚೌಕಟ್ಟಿನ ಹೊರಗೆ ಸ್ಕೇಲ್ ಅಂಟಿಸಿಕೊಳ್ಳಿ. ಕಣ್ಣು ಮಿಟುಕಲು ಮೂರೇ ಚಿತ್ರ ಸಾಕು: ಅರ್ಧ, ಪೂರ್ತಿ, ಅರ್ಧ. ಕಸದ ಬುಟ್ಟಿಯಲ್ಲಿ ಮೆಣಸು ಸುಮ್ಮನೆ ಕೂತಿರುವ 24 ಚಿತ್ರಗಳನ್ನು ಮಕ್ಕಳು ದಂಡ ಎನ್ನುತ್ತಾರೆ. ಕತ್ತರಿಸಲು ಬಿಡಬೇಡಿ, ನೋಡುವವರಿಗೆ ಅಯ್ಯೋ ಅನಿಸುವುದು ಆ ಎರಡು ಸೆಕೆಂಡಿನಲ್ಲೇ.

ಮಾತನ್ನು ಚಿತ್ರಕ್ಕಿಂತ ಮೊದಲೇ ರೆಕಾರ್ಡ್ ಮಾಡಿಕೊಳ್ಳಬೇಕು. ಶೀಟಿನ ಸೂರಿನ ಮೇಲೆ ಮಳೆ ಹೊಡೆಯುವಾಗ ಆಗದ ಕೆಲಸ ಇದು. ಹೊಳವಾದಾಗ ಮಗುವನ್ನು ಕಂಬಳಿಯೊಳಗೆ ಕೂರಿಸಿ, ಫೋನನ್ನು ಬಾಯಿಯಿಂದ ಒಂದು ಗೇಣು ದೂರದಲ್ಲಿ, ಸ್ವಲ್ಪ ಓರೆಯಾಗಿ ಹಿಡಿಯಿರಿ. ನೇರ ಹಿಡಿದರೆ ಪ, ಬ ಎರಡೂ ಗುಡುಗುತ್ತವೆ.

ಮಾತಿಗೆ ತಕ್ಕಂತೆ ಮುಖದ ಮೇಲೆ ಬದಲಿಸಿ ಇಡುವ ಬಾಯಿಗೆ ಆರು ಆಕಾರ ಸಾಕು. ಪ, ಬ, ಮ ಅಕ್ಷರಗಳಿಗೆ ಮುಚ್ಚಿದ ತುಟಿ. ಆ ಎಂಬುದಕ್ಕೆ ಅಗಲ ತೆರೆದದ್ದು. ಅ ಮತ್ತು ಕ, ತ, ನಗಳಿಗೆ ಅರ್ಧ ತೆರೆದದ್ದು. ಇ, ಎಗೆ ಪಕ್ಕಕ್ಕೆ ಎಳೆದದ್ದು. ಉ, ಒಗೆ ಗುಂಡಗಿನದು. ವಕ್ಕೆ ಹಲ್ಲು ತಾಗಿದ ಕೆಳತುಟಿ. ಆಕಾರ ಆರಿಸುವಾಗ ಬರಹ ನೋಡಬೇಡಿ, ದನಿ ಕೇಳಿ. ಹುಡುಗಿ 'ಫೋನ್' ಎಂದರೆ ಹಲ್ಲು ತುಟಿಗೆ ತಾಗುತ್ತದೆ. ಅಜ್ಜಿ ಅದನ್ನೇ 'ಪೋನು' ಅನ್ನುತ್ತಾಳೆ, ಅಲ್ಲಿ ತುಟಿ ಪೂರ್ತಿ ಮುಚ್ಚಬೇಕು. ಇದೊಂದು ಸರಿಯಾದರೆ ಅಜ್ಜಿಗೆ ಜೀವ ಬಂದಂತೆ.

ಯಾವ ಅಕ್ಷರಕ್ಕೆ ಎಷ್ಟು ಚಿತ್ರ ಎಂಬುದಕ್ಕೆ ಹೈಸ್ಕೂಲಿನ ಛಂದಸ್ಸೇ ಸಾಕು. ಲಘುವಿಗೆ 2, ಗುರುವಿಗೆ 3 ಎಂದು ಹಿಡಿದು ಪ್ರಸ್ತಾರ ಹಾಕಿ. 'ನನ್ನ ಮಚ್ಚೆ ಎಲ್ಲಿ' ಎಂಬುದು ಗುರು ಲಘು, ಗುರು ಲಘು, ಗುರು ಲಘು. ಒಟ್ಟು 15 ಚಿತ್ರ, ಒಂದೂಕಾಲು ಸೆಕೆಂಡು. ಇದು ಕರಡು ಮಾತ್ರ, ರೆಕಾರ್ಡಿಂಗ್ ಕೇಳುತ್ತ ಒಂದೆರಡು ಕೂಡಿಸಿ ಕಳೆಯಬೇಕಾಗುತ್ತದೆ. ಮುಚ್ಚಿದ ತುಟಿಯ ಚಿತ್ರ ಬಿಟ್ಟುಹೋದರೆ ಮಾತ್ರ ಕ್ಷಮೆಯಿಲ್ಲ, 'ಮಚ್ಚೆ' ಬಾಯಲ್ಲಿ 'ಅಚ್ಚೆ' ಆಗಿಬಿಡುತ್ತದೆ. ಬಾಯಿ ದನಿಗಿಂತ ಒಂದು ಚಿತ್ರ ಮುಂದಿದ್ದರೆ ಪರವಾಗಿಲ್ಲ. ಹಿಂದೆ ಬಿದ್ದರೆ ಡಬ್ಬಿಂಗ್ ಸಿನಿಮಾದಂತೆ ಕಾಣುತ್ತದೆ.

ದೃಷ್ಟಿಬೊಟ್ಟಿನ ಶಾಟ್‌ನಲ್ಲಿ ಅಜ್ಜಿಯ ಬೆರಳು ನಿಜವಾದದ್ದೇ ಇರಲಿ, ಆದರೆ ಕೈ ಮೇಜಿಗೆ ತಾಗದಂತೆ ಮೊಣಕೈ ಕೆಳಗೆ ಬೇರೆ ಸ್ಟೂಲ್ ಇಡಿ. ಬೆರಳು ಇಳಿಯಲು 6 ಚಿತ್ರ, ಒತ್ತಿ ನಿಲ್ಲಲು 8. ಒತ್ತಿದ್ದಾಗಲೇ ಬಿಳಿ ಮುಖ ತೆಗೆದು ಹಾಳೆಯ ಮುಖ ಇಡಬೇಕು. ಅಂಚು ಮಿಲಿಮೀಟರೂ ಕದಲದಿರಲು ಮೊದಲೇ ಮೂರು ಕಡೆ ಪೆನ್ಸಿಲ್ ಗುರುತು ಹಾಕಿಟ್ಟಿರಿ. ಬೆರಳ ತುದಿಯ ಮೇಣಕ್ಕೆ ಮೆಣಸು ಅಂಟಿಕೊಂಡು ಮೇಲೆ ಬಂದುಬಿಡುವುದು ಮಾಮೂಲು, ಕಾಳಿನ ಅಡಿಯ ಮೇಣ ಇಲ್ಲಿಗೆ ಮಾತ್ರ ಸ್ವಲ್ಪ ಹೆಚ್ಚಿರಲಿ.

ಕೊನೆಯ ಚಿತ್ರ ತೆಗೆದ ಕೂಡಲೇ ಸೆಟ್ ಬಿಚ್ಚಬೇಡಿ. ಪೂರ್ತಿ ಓಡಿಸಿ ನೋಡಿ, ಎಕ್ಸ್‌ಪೋರ್ಟ್ ಮಾಡಿ, ಬೇರೆ ಫೋನಿಗೆ ಒಂದು ಪ್ರತಿ ಕಳಿಸಿ. ವಾಟ್ಸಾಪಿನಲ್ಲಿ ವಿಡಿಯೋ ಆಗಿ ಕಳಿಸಿದರೆ ಅದು ಕುಗ್ಗಿಸಿ ಮಚ್ಚೆಯನ್ನು ಮಬ್ಬು ಮಾಡುತ್ತದೆ, 'ಡಾಕ್ಯುಮೆಂಟ್' ಎಂದು ಆರಿಸಿ.